ಧಾರೆ ಸೀರೆ: 30,000 ರೂಪಾಯಿಯೊಳಗೆ ಕೆನೆಬಣ್ಣದ ಒಡಲು, ಕುಂಕುಮಗೆಂಪಿನ ಅಂಚು ಸಾಧ್ಯವೇ?

ಪ್ರಶ್ನೆ: ತುಮಕೂರಿನ ಮದುಮಗಳು

ಎಲ್ಲರಿಗೂ ನಮಸ್ಕಾರ. ಬರುವ ಮಾರ್ಗಶಿರದಲ್ಲಿ ನನ್ನ ಮದುವೆ ನಿಶ್ಚಯವಾಗಿದೆ. ನಮ್ಮ ಕಡೆ ಧಾರೆ ಸೀರೆಯನ್ನು ಹೆಣ್ಣಿನ ಮನೆಯವರೇ ತರುವುದು ರೂಢಿ. ತಂದೆಯವರು ಕಳೆದ ವರ್ಷ ನಿವೃತ್ತರಾದ ಕಾರಣ ಈ ಖರ್ಚನ್ನು ನನ್ನ ಸಂಬಳದಲ್ಲಿಯೇ ತೂಗಿಸಬೇಕೆಂದು ತೀರ್ಮಾನಿಸಿದ್ದೇನೆ. ಧಾರೆಗೆ ಒಂದು, ಆರತಕ್ಷತೆಗೆ ಒಂದು, ಎರಡಕ್ಕೂ ರವಿಕೆ, ಎಲ್ಲ ಸೇರಿ 30,000 ರೂಪಾಯಿ ಮೀರುವಂತಿಲ್ಲ. ಮಾಸಿಕ ಕಂತಿನಲ್ಲಿ ಸೀರೆ ಕೊಳ್ಳುವ ಯೋಚನೆಯೂ ನನಗಿಲ್ಲ.

ನನ್ನ ಮನಸ್ಸಿನಲ್ಲಿರುವ ಸೀರೆ ನಮ್ಮ ಅಜ್ಜಿಯದು. ಅವರ ಮದುವೆಯ ಕಪ್ಪುಬಿಳುಪು ಫೋಟೋ ಒಂದು ಮಾತ್ರ ಉಳಿದಿದೆ. ಬಣ್ಣವನ್ನು ಅವರು ಬಾಯಲ್ಲಿ ಹೇಳಿದ್ದು, ಹಾಲಿನ ಕೆನೆಯಂಥ ಒಡಲು ಮತ್ತು ಅಂಗೈ ಅಗಲದ ಕುಂಕುಮಗೆಂಪಿನ ಅಂಚು ಎಂದು. ಆ ಸೀರೆಯನ್ನು ಎಷ್ಟೋ ವರ್ಷಗಳ ಹಿಂದೆ ಬೀದಿಯಲ್ಲಿ ಹಳೆಯ ಜರಿ ಕೊಳ್ಳಲು ಬಂದವನಿಗೆ ಕೊಟ್ಟು ಸ್ಟೀಲ್ ಪಾತ್ರೆ ತೆಗೆದುಕೊಂಡರಂತೆ. ಆ ಡಬರಿ ಇಂದಿಗೂ ನಮ್ಮ ಅಡುಗೆಮನೆಯಲ್ಲಿದೆ.

ಎರಡು ಅಂಗಡಿಗಳನ್ನು ನೋಡಿ ಬಂದಿದ್ದೇನೆ. ಒಂದರಲ್ಲಿ ನಾನು ಹುಡುಕುತ್ತಿದ್ದ ಸೀರೆಯೇ ಇತ್ತು, ಬೆಲೆ 48,000 ರೂಪಾಯಿ. ಇನ್ನೊಂದರಲ್ಲಿ 11,000 ರೂಪಾಯಿಗೆ ‘ಅದೇ ಡಿಸೈನ್, ಅದೂ ಶುದ್ಧ ರೇಷ್ಮೆಯೇ’ ಎಂದು ತೋರಿಸಿದರು. ಆದರೆ ಬಾಗಿಲ ಬೆಳಕಿಗೆ ತಂದು ನೋಡಿದಾಗ ಅಂಚು ಕೆಂಪಾಗಿರದೆ, ಒಗೆದು ಮಾಸಿದ ಗುಲಾಬಿಯಂತೆ ಕಂಡಿತು. ಎರಡೂ ರೇಷ್ಮೆಯೇ ಆಗಿದ್ದರೆ ಬೆಲೆಯಲ್ಲಿ ಇಷ್ಟೊಂದು ಅಂತರವೇಕೆ, ಮತ್ತು ಇವೆರಡರ ನಡುವೆ ನನ್ನ ಕೈಗೆಟುಕುವುದು ಏನಾದರೂ ಇದೆಯೇ ಎಂಬುದನ್ನು ತಿಳಿದವರು ಹೇಳಿದರೆ ಉಪಕಾರವಾಗುತ್ತದೆ.

ಉತ್ತರ 1: ಮಗ್ಗದ ಮನೆಯವನು

ನಮ್ಮದು ನೇಕಾರರ ಮನೆತನ. ನಾನು ಮಗ್ಗ ಬಿಟ್ಟು ಬ್ಯಾಂಕಿನ ಕೆಲಸ ಹಿಡಿದು ಇಪ್ಪತ್ತು ವರ್ಷಗಳಾದರೂ, ತಂದೆಯವರ ಜೊತೆ ಕುಳಿತು ಲಾಳಿ ಎಸೆದ ನೆನಪಿನಿಂದ ಉತ್ತರಿಸುತ್ತಿದ್ದೇನೆ.

ಮೊದಲು ಆ ಮಾಸಿದ ಗುಲಾಬಿಯ ವಿಚಾರ. ನಿಮ್ಮ ಕಣ್ಣು ಸರಿಯಾಗಿಯೇ ಗುರುತಿಸಿದೆ. ಬಟ್ಟೆಯಲ್ಲಿ ಉದ್ದಕ್ಕೆ ಹೋಗುವ ಹಾಸು ಮತ್ತು ಅಡ್ಡಕ್ಕೆ ಹೋಗುವ ಹೊಕ್ಕು ಎಂಬ ಎರಡು ನೂಲುಗಳಿರುತ್ತವೆ. ಸಾಧಾರಣ ಸೀರೆಯಲ್ಲಿ ಅಂಚಿನ ಹಾಸನ್ನು ಕೆಂಪಾಗಿಟ್ಟರೂ, ಒಂದೇ ಲಾಳಿಯು ಒಡಲಿನ ಕೆನೆಬಣ್ಣದ ಹೊಕ್ಕನ್ನು ಈ ಬದಿಯಿಂದ ಆ ಬದಿಯವರೆಗೆ ಎಳೆದೊಯ್ಯುವುದರಿಂದ, ಕೆಂಪಿನೊಳಗೆ ಬಿಳಿ ಬೆರೆತು ಅಂಚು ಮಂಕಾಗುತ್ತದೆ. ಕಡುನೀಲಿಗೆ ನೇರಳೆ, ಹಸಿರಿಗೆ ಕಡುಹಸಿರು ಹೀಗೆ ಹತ್ತಿರದ ಬಣ್ಣಗಳಾದರೆ ಇದು ಎದ್ದು ಕಾಣುವುದಿಲ್ಲ, ಕೆಲವೊಮ್ಮೆ ಚೆಂದವೂ ಆಗಿರುತ್ತದೆ. ಕೆನೆ ಮತ್ತು ಕೆಂಪಿನಂತಹ ಜೋಡಿಯಲ್ಲಿ ಮಾತ್ರ ಮೋಸ ಮಾಡಲು ಸಾಧ್ಯವಿಲ್ಲ. ಅಂಚು ಶುದ್ಧ ಕೆಂಪಾಗಿಯೇ ಉಳಿಯಬೇಕಾದರೆ ಒಡಲಿಗೆ ಒಂದು ಲಾಳಿ, ಎರಡು ಅಂಚುಗಳಿಗೆ ಎರಡು ಲಾಳಿ, ಹೀಗೆ ಮೂರು ಲಾಳಿಗಳಿಂದ ನೇಯ್ದು, ಅಂಚು ಮತ್ತು ಒಡಲು ಕೂಡುವಲ್ಲಿ ಪ್ರತಿ ಎಳೆಯನ್ನೂ ಒಂದಕ್ಕೊಂದು ಕೊಂಡಿ ಹಾಕಬೇಕು. ಕಂಚಿಯ ಕಡೆ ಇದನ್ನು ಕೊರ್ವೈ ಎನ್ನುತ್ತಾರೆ, ಬೆಂಗಳೂರಿನ ಚಿಕ್ಕಪೇಟೆಯ ಅಂಗಡಿಗಳಲ್ಲಿಯೂ ಅದೇ ಹೆಸರು ನಡೆಯುತ್ತದೆ. ಸಾಂಪ್ರದಾಯಿಕವಾಗಿ ಇದಕ್ಕೆ ನೇಕಾರನ ಪಕ್ಕದಲ್ಲಿ ಕುಳಿತು ಬದಿಯ ಲಾಳಿಯನ್ನು ಎಸೆಯುವ ಇನ್ನೊಬ್ಬರು ಬೇಕು. ನಮ್ಮ ಮನೆಯಲ್ಲಿ ಆ ಇನ್ನೊಬ್ಬ ನಾನೇ ಆಗಿದ್ದೆ, ಶಾಲೆಯಿಂದ ಬಂದ ಮೇಲೆ.

ಆದ್ದರಿಂದ ನೀವು 48,000 ರೂಪಾಯಿಯ ಸೀರೆಯಲ್ಲಿ ಕಂಡಿದ್ದು ಎರಡು ಬೇರೆ ಬೇರೆ ವಸ್ತುಗಳ ಬೆಲೆ: ಒಂದು ಕೊರ್ವೈ ಕೂಲಿ, ಇನ್ನೊಂದು ಜರಿ. ಇವೆರಡರಲ್ಲಿ ನಿಮ್ಮ ಅಜ್ಜಿಯ ಸೀರೆಯ ರೂಪಕ್ಕೆ ಅನಿವಾರ್ಯವಾದದ್ದು ಮೊದಲನೆಯದು ಮಾತ್ರ. ಅಸಲಿ ಜರಿಯೆಂದರೆ ರೇಷ್ಮೆ ಎಳೆಯ ಮೇಲೆ ಚಪ್ಪಟೆ ಮಾಡಿದ ಬೆಳ್ಳಿಯ ತಂತಿಯನ್ನು ಸುತ್ತಿ ಅದಕ್ಕೆ ಚಿನ್ನದ ಲೇಪ ಕೊಟ್ಟದ್ದು. ಬೆಳ್ಳಿಯ ದರ ಏರಿದಂತೆಲ್ಲ ಸೀರೆಯ ದರವೂ ಏರುತ್ತದೆ, ಅದರಲ್ಲಿ ನೇಕಾರನಿಗೆ ಹೆಚ್ಚೇನೂ ಸೇರುವುದಿಲ್ಲ. ಅದಕ್ಕಿಂತ ಕೆಳಗಿನದನ್ನು ಅಂಗಡಿಯವರು ‘ಟೆಸ್ಟೆಡ್ ಜರಿ’ ಎನ್ನುತ್ತಾರೆ. ಹೆಸರು ಕೇಳಿ ಪರೀಕ್ಷೆಯಾದ ಶುದ್ಧ ಜರಿಯೆಂದು ನಂಬಿದವರನ್ನು ನಾನು ಬಹಳಷ್ಟು ನೋಡಿದ್ದೇನೆ. ಅದು ತಾಮ್ರದ ತಂತಿಗೆ ಬೆಳ್ಳಿಬಣ್ಣ, ಹೊನ್ನಬಣ್ಣ ಹಿಡಿಸಿದ್ದು. ಇನ್ನೂ ಕೆಳಗಿನದು ಪ್ಲಾಸ್ಟಿಕ್ ಹಾಳೆಯಿಂದ ಕತ್ತರಿಸಿದ ಎಳೆ. ತಾಮ್ರದ ಜರಿ ಕೆಟ್ಟದ್ದೆಂದು ನಾನು ಹೇಳುವುದಿಲ್ಲ. ವರ್ಷಕ್ಕೊಮ್ಮೆ ಉಡುವ ಸೀರೆಯನ್ನು ಜೋಪಾನವಾಗಿಟ್ಟರೆ ಅದು ಚೆನ್ನಾಗಿಯೇ ಬಾಳುತ್ತದೆ, ಆದರೆ ಅದಕ್ಕೆ ಬೆಳ್ಳಿಯ ಬೆಲೆ ಕೊಡಬೇಡಿ.

ಅಂಗಡಿಯಲ್ಲಿ ಕೇಳಬೇಕಾದ ರೀತಿ ಹೀಗೆ: ‘ಒಡಲು ಖಾಲಿ ಇರಲಿ, ಬುಟ್ಟಾ ಬೇಡ, ಕೊರ್ವೈ ಅಂಚು ಬೇಕು, ಅಂಚಿನಲ್ಲಿ ಜರಿಯ ಬದಲು ರೇಷ್ಮೆ ನೂಲಿನದೇ ಕೆಲಸವಿದ್ದರೂ ಆದೀತು, ಇಲ್ಲವೇ ಒಂದೆರಡು ಗೆರೆ ಟೆಸ್ಟೆಡ್ ಜರಿ ಸಾಕು.’ ಹೀಗೆ ಕೇಳಿದರೆ ಮೇಲಿನ ಕಪಾಟಿನಿಂದ ಕೆಳಗಿಳಿಸಿದ ಬೇರೆಯದೇ ಒಂದು ರಾಶಿ ನಿಮ್ಮ ಮುಂದೆ ಬರುತ್ತದೆ. ಸೀರೆಯನ್ನು ತಿರುವಿ ಹಿಂಬದಿಯಲ್ಲಿ ಅಂಚು ಕೂಡುವ ಗೆರೆಯ ಮೇಲೆ ಬೆರಳಾಡಿಸಿ. ಕೊರ್ವೈ ಆಗಿದ್ದರೆ ಅಲ್ಲಿ ಸಣ್ಣ ಏರು ಬೆರಳಿಗೆ ತಗಲುತ್ತದೆ, ಹತ್ತಿರದಿಂದ ನೋಡಿದರೆ ಎರಡು ಬಣ್ಣದ ಎಳೆಗಳು ಹಲ್ಲು ಕಚ್ಚಿದಂತೆ ಕಾಣುತ್ತವೆ.

ಸಿಲ್ಕ್ ಮಾರ್ಕ್ ಬಗ್ಗೆಯೂ ಒಂದು ಮಾತು. ಕೇಂದ್ರ ರೇಷ್ಮೆ ಮಂಡಳಿಯ ಆಶ್ರಯದಲ್ಲಿ 2004ರಿಂದ ನಡೆಯುತ್ತಿರುವ ಆ ಮುದ್ರೆ ಬಟ್ಟೆ ಶುದ್ಧ ರೇಷ್ಮೆಯೆಂಬುದನ್ನು ಹೇಳುತ್ತದೆಯೇ ಹೊರತು, ಜರಿ ಅಸಲಿಯೆಂದಾಗಲಿ ಕೈಮಗ್ಗದಲ್ಲಿ ನೇಯ್ದದ್ದೆಂದಾಗಲಿ ಹೇಳುವುದಿಲ್ಲ. ಕೈಮಗ್ಗಕ್ಕೆ ಹ್ಯಾಂಡ್‌ಲೂಮ್ ಮಾರ್ಕ್ ಎಂಬ ಬೇರೆಯೇ ಮುದ್ರೆಯಿದೆ. ನಿಮಗೆ 11,000 ರೂಪಾಯಿಗೆ ತೋರಿಸಿದ ಸೀರೆಯೂ ಶುದ್ಧ ರೇಷ್ಮೆಯಾಗಿದ್ದಿರಬಹುದು. ಅಂಗಡಿಯವರು ಸುಳ್ಳಾಡಿರಲಿಕ್ಕಿಲ್ಲ, ಪೂರ್ತಿ ಹೇಳಿರಲಿಕ್ಕಿಲ್ಲ ಅಷ್ಟೆ.

ಉತ್ತರ 2: ಕಳೆದ ವರ್ಷದ ವಧು, ಮೈಸೂರು

ಮೇಲಿನವರು ಸೀರೆಯನ್ನು ಬಿಡಿಸಿಟ್ಟಿದ್ದಾರೆ, ನಾನು ಸೀರೆಯ ಸುತ್ತಲಿನ ಖರ್ಚನ್ನು ಹೇಳುತ್ತೇನೆ, ಏಕೆಂದರೆ ನನ್ನ ಲೆಕ್ಕ ತಪ್ಪಿದ್ದು ಅಲ್ಲಿಯೇ. ಸೀರೆಗೆ ಚೌಕಾಶಿ ಮಾಡಿ 2,000 ರೂಪಾಯಿ ಉಳಿಸಿದ ಸಂತೋಷದಲ್ಲಿದ್ದ ನಾನು, ಅದರ ರವಿಕೆಯ ಆರಿ ಕಸೂತಿಗೆ 9,000 ರೂಪಾಯಿ ಕೊಟ್ಟು ಬಂದೆ. ಆ ರವಿಕೆ ಈಗ ಯಾವ ಸೀರೆಗೂ ಹೊಂದುವುದಿಲ್ಲ. ಬೆನ್ನಿನ ಮೇಲೆ ನವಿಲು ಇರುವ ಕಾರಣ ಕಚೇರಿಯ ಸಮಾರಂಭಕ್ಕೂ ತೊಡಲಾರೆ. ಧಾರೆಯ ಹೊತ್ತಿನಲ್ಲಿ ಹೂವಿನ ಜಡೆ, ಸೆರಗು, ಹಾರ, ಬಾಸಿಂಗ ಇಷ್ಟರ ನಡುವೆ ರವಿಕೆಯ ಕೆಲಸ ಕಾಣುವುದೇ ಇಲ್ಲ, ತೋಳಿನ ತುದಿಯೊಂದನ್ನು ಬಿಟ್ಟು. ಕಸೂತಿ ಬೇಕೇ ಬೇಕೆಂದಾದರೆ ತೋಳಿನ ಅಂಚಿಗೆ ಮಾತ್ರ ಹಾಕಿಸಿ.

ಎರಡನೆಯದು ಕಾಲ. ಇನ್ನೇನು ಆಷಾಢ ಬರುತ್ತಿದೆ. ಮದುವೆಗಳಿಲ್ಲದ ತಿಂಗಳಾದ್ದರಿಂದ ಜವಳಿ ಅಂಗಡಿಗಳು ರಿಯಾಯಿತಿ ಹಾಕುತ್ತವೆ, ಅದಕ್ಕಿಂತ ಮುಖ್ಯವಾಗಿ ಜನಜಂಗುಳಿ ಇಲ್ಲದೆ ಮಾರುವವರಿಗೆ ಹತ್ತು ಸೀರೆ ಬಿಚ್ಚಿ ತೋರಿಸುವ ತಾಳ್ಮೆಯಿರುತ್ತದೆ. ಆದರೆ ಬೋರ್ಡಿನ ಮೇಲಿನ ಶೇಕಡಾವಾರು ನೋಡಿ ಹೋಗಬೇಡಿ. ಈಗಲೇ ಒಮ್ಮೆ ಹೋಗಿ ನಿಮಗೆ ಹಿಡಿಸಿದ ಸೀರೆಯ ಚೀಟಿಯ ಬೆಲೆಯನ್ನು ಬರೆದಿಟ್ಟುಕೊಂಡು, ಆಷಾಢದಲ್ಲಿ ಅದೇ ಸೀರೆಯ ಬೆಲೆಯೊಂದಿಗೆ ಹೋಲಿಸಿ. ನಾನು ನೋಡಿದ ಒಂದು ಅಂಗಡಿಯಲ್ಲಿ ಮೊದಲು ಬೆಲೆ ಏರಿಸಿ ಆಮೇಲೆ ಇಳಿಸಿದ್ದರು.

ಇಂಟರ್‌ನೆಟ್‌ನಲ್ಲಿ ಫೋಟೋ ನೋಡಿ ತರಿಸುವ ವಿಚಾರವನ್ನು ಬಿಟ್ಟುಬಿಡಿ. ಆರತಕ್ಷತೆಗೆಂದು ನಾನು ‘ಕಂಚಿ ಸಾಫ್ಟ್ ಸಿಲ್ಕ್’ ಎಂಬ ಹೆಸರಿನ ಸೀರೆಯೊಂದನ್ನು 4,200 ರೂಪಾಯಿಗೆ ತರಿಸಿದೆ. ಬಂದ ದಿನ ಅತ್ತಿಗೆ ಸೆರಗಿನ ತುದಿಯ ಎರಡು ಎಳೆ ಕಿತ್ತು ಬೆಂಕಿಗೆ ಹಿಡಿದರು: ಕೂದಲು ಸುಟ್ಟ ವಾಸನೆ ಬಂದು ಬೂದಿಯಾಗಬೇಕಾದ್ದು ಕರಗಿ ಗಟ್ಟಿ ಮಣಿಯಾಯಿತು. ಎಳೆ ಕಿತ್ತ ಸೀರೆಯನ್ನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲವೆಂದು ಮಾರಿದವರು ಕೈತೊಳೆದುಕೊಂಡರು.

ಉತ್ತರ 3: ನಿವೃತ್ತ ಶಿಕ್ಷಕಿ, ಹಾಸನ

ಮಗೂ, ಇಬ್ಬರೂ ಕೊಳ್ಳುವ ದಾರಿಯನ್ನೇ ಹೇಳಿದರು. ನಿಮ್ಮ ತಾಯಿಯವರ ಬೀರು ತೆರೆದು ನೋಡಿದ್ದೀರಾ ಎಂದು ಯಾರೂ ಕೇಳಲಿಲ್ಲವಲ್ಲ!

ಆರತಕ್ಷತೆಗೆ ಹೊಸ ಸೀರೆ ಏಕೆ ಬೇಕು ಎಂಬುದು ನನಗೆ ಅರ್ಥವಾಗುವುದಿಲ್ಲ. ಮೈಸೂರು ರೇಷ್ಮೆಯೊಂದು ಮನೆಯಲ್ಲಿದ್ದರೆ ಅದಕ್ಕಿಂತ ಒಳ್ಳೆಯದು ಇಲ್ಲ. 1912ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಆರಂಭವಾದ ಮೈಸೂರಿನ ರೇಷ್ಮೆ ಕಾರ್ಖಾನೆಯ ಸೀರೆ, ನೂಲಿಗೆ ಚೆನ್ನಾಗಿ ಹುರಿ ಕೊಟ್ಟು ನೇಯ್ದ ಕ್ರೇಪ್ ಆದ್ದರಿಂದ ಕಂಚಿಯಂತೆ ಮಡಿಕೆಯಲ್ಲಿ ನಿಲ್ಲದೆ ಮೈಮೇಲೆ ಇಳಿಬೀಳುತ್ತದೆ, ಮೂರು ಗಂಟೆ ವೇದಿಕೆಯ ಮೇಲೆ ನಿಂತರೂ ಭಾರವೆನಿಸುವುದಿಲ್ಲ. ಈಗ ಅದರ ಮಳಿಗೆಗಳ ಮುಂದೆ ಜನ ಬೆಳಗ್ಗೆಯೇ ಸರತಿ ನಿಲ್ಲುತ್ತಿದ್ದಾರೆ. ನಮ್ಮ ಕಾಲದಲ್ಲಿ ತಾಯಂದಿರು ಸಂಬಳದಲ್ಲಿ ಉಳಿಸಿ ತಂದದ್ದು ಎಷ್ಟೋ ಮನೆಗಳ ಟ್ರಂಕಿನಲ್ಲಿ ಮಲಗಿದೆ.

ಹಳೆಯ ಸೀರೆಯನ್ನು ಉಡುವ ಮೊದಲು ಪರೀಕ್ಷೆ ಅಗತ್ಯ. ಕಿಟಕಿಯ ಬೆಳಕಿಗೆ ಹಿಡಿದು ಮಡಿಕೆಯ ಗೆರೆಗಳನ್ನು ನೋಡಿ. ವರ್ಷಗಟ್ಟಲೆ ಒಂದೇ ಮಡಿಕೆಯಲ್ಲಿದ್ದ ರೇಷ್ಮೆ ಅಲ್ಲಿಯೇ ಸೀಳುತ್ತದೆ. ಎರಡು ಕೈಗಳಿಂದ ಮೆಲ್ಲನೆ ಎಳೆದಾಗ ಎಳೆಗಳು ಬಿಟ್ಟುಕೊಂಡರೆ ಅದು ಉಡುವ ಸೀರೆಯಲ್ಲ, ಪೂಜೆಗೆ ಇಟ್ಟುಬಿಡಿ. ಗಟ್ಟಿಯಾಗಿದ್ದರೆ ಪಾಲಿಶ್‌ಗೆ ಕೊಟ್ಟು, ಹೊಸ ರವಿಕೆಯೊಂದನ್ನು ಹೊಲಿಸಿದರೆ ಮುಗಿಯಿತು. ಜರಿ ಕಪ್ಪಾಗಿದ್ದರೆ ಬೇಸರ ಬೇಡ, ಅಸಲಿ ಬೆಳ್ಳಿಯೂ ಕಾಲ ಕಳೆದಂತೆ ಕಪ್ಪಾಗುತ್ತದೆ. ಉಟ್ಟ ಮೇಲೆ ಸೆಂಟನ್ನು ಮಾತ್ರ ನೇರವಾಗಿ ಜರಿಯ ಮೇಲೆ ಸಿಂಪಡಿಸಬೇಡಿ, ಮತ್ತೆ ಮತ್ತೆ ಹೇಳುತ್ತೇನೆ, ನನ್ನ ಮಗಳ ಸೀರೆಯ ಮೇಲೆ ಆ ಕಲೆ ಇಂದಿಗೂ ಇದೆ.

ಉತ್ತರ 4: ರಾಯಚೂರಿನ ಸೊಸೆ

ಕೊರ್ವೈ ಎಂದ ಕೂಡಲೇ ಎಲ್ಲರೂ ಕಂಚಿಯ ಕಡೆಗೇ ಮುಖ ಮಾಡುವುದನ್ನು ಕಂಡು ಇದನ್ನು ಬರೆಯುತ್ತಿದ್ದೇನೆ. ನಮ್ಮ ರಾಯಚೂರಿಗೆ ಹತ್ತಿರದಲ್ಲಿಯೇ, ಗಡಿಯಾಚೆ ತೆಲಂಗಾಣದಲ್ಲಿರುವ ಗದ್ವಾಲದ ಸೀರೆಗಳಲ್ಲಿ ಅಂಚನ್ನು ಒಡಲಿಗೆ ಬೇರೆ ಲಾಳಿಯಿಂದ ಕೊಂಡಿ ಹಾಕಿ ಕೂಡಿಸುವುದೇ ಕ್ರಮ. ಒಡಲು ಹತ್ತಿ, ಅಂಚು ಸೆರಗು ರೇಷ್ಮೆ ಎಂಬುದು ಅದರ ಹಳೆಯ ರೂಪ. ಪೂರ್ತಿ ರೇಷ್ಮೆಯಲ್ಲಿಯೂ ನೇಯುತ್ತಾರೆ. ಕೆನೆಬಣ್ಣಕ್ಕೆ ಕೆಂಪು ಅಂಚು ಅಲ್ಲಿ ಹುಡುಕಿ ತೆಗೆಯಬೇಕಾದ ಬಣ್ಣವಲ್ಲ, ಸಾಮಾನ್ಯವಾಗಿ ಸಿಗುವ ಜೋಡಿ. ಕಂಚಿಗಿಂತ ಹಗುರ, ಬೆಲೆಯೂ ಕಡಿಮೆ. ನನ್ನ ನಾದಿನಿಯ ಧಾರೆಗೆ ಅದನ್ನೇ ತಂದೆವು. ನಮ್ಮ ಅತ್ತೆಯವರು ಮೊದಲು ಇಳಕಲ್ಲನ್ನೇ ತರಬೇಕೆಂದು ಹಟ ಹಿಡಿದಿದ್ದರು. ಆ ಸೀರೆಯ ಗೋಮಿ ಎಂಬ ವಿನ್ಯಾಸದ ದಡಿ (ಅಂಚು), ತೋಪ್ ತೆನೆ ಎಂಬ ವಿನ್ಯಾಸದ ಸೆರಗು ಅವರ ಕಣ್ಣಿಗೆ ಲಕ್ಷಣ. ಆದರೆ ನಿಮಗೆ ಬೇಕಾದ ಬಣ್ಣಕ್ಕೆ ಗದ್ವಾಲವೇ ಹತ್ತಿರ. ಧಾರೆಗೆ ಹತ್ತಿ ಬೆರೆತದ್ದು ಆಗಬಹುದೇ ಎಂಬುದನ್ನು ಮಾತ್ರ ಮನೆಯ ಹಿರಿಯರಲ್ಲಿ ಮೊದಲೇ ಕೇಳಿಕೊಳ್ಳಿ, ಜವಳಿ ತಂದ ಮೇಲೆ ಅಲ್ಲ.

ಉತ್ತರ 5: ಜಯನಗರದ ಅಣ್ಣ

ಕಂಚಿಗೇ ಹೋಗಿ ತಂದರೆ ಅಗ್ಗವೆಂಬ ಮಾತನ್ನು ನಂಬಿ, ತಂಗಿಯ ಮದುವೆಗೆ ನಾವು ಐದು ಜನ ಕಾರು ಮಾಡಿಕೊಂಡು ಹೋಗಿದ್ದೆವು. ಬಾಡಿಗೆ, ಊಟ, ಒಂದು ರಾತ್ರಿಯ ಕೋಣೆ ಸೇರಿಸಿದರೆ ಸೀರೆಯ ಮೇಲೆ ಉಳಿದದ್ದು ಏನೂ ಇಲ್ಲ, ಮೇಲಾಗಿ ಅಷ್ಟು ದೂರ ಬಂದಿದ್ದೇವೆಂದು ಬೇಡದ ಮೂರು ಸೀರೆ ಕೊಂಡೆವು. ಹದಿನೈದು ಸೀರೆಯ ಜವಳಿ ತರುವವರಿಗೆ ಆ ಪ್ರಯಾಣ ಸರಿಹೋಗಬಹುದು. ಒಂದು ಸೀರೆಗೆ ಚಿಕ್ಕಪೇಟೆಯೇ ಸಾಕು, ಅದೂ ಮುಖ್ಯ ರಸ್ತೆಯ ಗಾಜಿನ ಅಂಗಡಿಗಳನ್ನು ದಾಟಿ ಒಳಗಿನ ಓಣಿಗಳಲ್ಲಿ ಮೆಟ್ಟಿಲು ಹತ್ತಿ ಹೋಗುವ ಅಂಗಡಿಗಳಲ್ಲಿ. ಕರೆದೊಯ್ಯುತ್ತೇವೆಂದು ದಾರಿಯಲ್ಲಿ ಹಿಂಬಾಲಿಸುವವರ ಜೊತೆ ಹೋಗಬೇಡಿ, ಅವರ ಕಮಿಷನ್ ನಿಮ್ಮ ಬಿಲ್ಲಿನೊಳಗೇ ಸೇರಿರುತ್ತದೆ.

ಮರಳಿ: ತುಮಕೂರಿನ ಮದುಮಗಳು (ಐದು ವಾರಗಳ ನಂತರ)

ಎಲ್ಲರಿಗೂ ಧನ್ಯವಾದ. ನಡೆದದ್ದನ್ನು ತಿಳಿಸುವುದು ನನ್ನ ಕರ್ತವ್ಯವೆಂದು ಬರೆಯುತ್ತಿದ್ದೇನೆ.

ಗದ್ವಾಲವನ್ನು ನೋಡಿದೆ, ಬಹಳ ಹಿಡಿಸಿತು. ಆದರೆ ನಾನು ಕಂಡವುಗಳಲ್ಲಿ ಕೆನೆ–ಕೆಂಪು ಜೋಡಿಯೆಲ್ಲ ಹತ್ತಿಯ ಒಡಲಿನವೇ ಆಗಿದ್ದವು, ನಮ್ಮ ದೊಡ್ಡಪ್ಪನವರು ಧಾರೆಗೆ ಪೂರ್ಣ ರೇಷ್ಮೆಯೇ ಆಗಬೇಕೆಂದರು. ಅವರೊಂದಿಗೆ ವಾದಿಸುವ ಶಕ್ತಿಯನ್ನು ಛತ್ರದ ಊಟದ ವಿಚಾರಕ್ಕೆ ಉಳಿಸಿಕೊಂಡಿದ್ದೇನೆ.

ಅಮ್ಮ ಮತ್ತು ನಾನು ಆಷಾಢದ ಒಂದು ಬುಧವಾರ ಬೆಳಗ್ಗೆ ಹನ್ನೊಂದಕ್ಕೆ ಚಿಕ್ಕಪೇಟೆಗೆ ಹೋದೆವು. ಮೊದಲ ಮೂರು ಅಂಗಡಿಗಳಲ್ಲಿ ಕೊರ್ವೈ ಎಂದು ಬಾಯಿಬಿಟ್ಟ ಕೂಡಲೇ 35,000 ರೂಪಾಯಿಗಿಂತ ಕೆಳಗಿನದು ಇಲ್ಲವೆಂದರು. ನಾಲ್ಕನೆಯದರಲ್ಲಿ, ಎರಡನೇ ಮಹಡಿಯಲ್ಲಿ, ಉತ್ತರ 1ರಲ್ಲಿದ್ದ ವಾಕ್ಯವನ್ನು ಹೆಚ್ಚುಕಡಿಮೆ ಹಾಗೆಯೇ ಒಪ್ಪಿಸಿದೆ. ಅಲ್ಲಿದ್ದ ಹಿರಿಯರು ನನ್ನ ಮುಖವನ್ನೊಮ್ಮೆ ನೋಡಿ, ‘ನಿಮ್ಮ ಮನೆಯಲ್ಲಿ ಮಗ್ಗ ಇದೆಯೇನಮ್ಮಾ?’ ಎಂದು ಕೇಳಿ, ಒಳಗಿನಿಂದ ಎಂಟು ಸೀರೆಗಳನ್ನು ತರಿಸಿದರು. ಐದನೆಯದನ್ನು ತಿರುವಿ ಬೆರಳಾಡಿಸಿದಾಗ ಆ ಸಣ್ಣ ಏರು ಸಿಕ್ಕಿತು. ಒಡಲು ಖಾಲಿ, ಅಂಚಿನಲ್ಲಿ ರೇಷ್ಮೆ ನೂಲಿನ ಗೋಪುರದ ಸಾಲು, ಅದರ ಮೇಲೆ ಕೆಳಗೆ ಒಂದೊಂದು ಗೆರೆ ಟೆಸ್ಟೆಡ್ ಜರಿ. ಸೆರಗು ನಾನು ಕನಸಿನಲ್ಲಿ ಕಂಡಷ್ಟು ತುಂಬಿಲ್ಲ, ಒಪ್ಪಿಕೊಳ್ಳುತ್ತೇನೆ. ಮೆಟ್ಟಿಲಿಳಿದು ಬೀದಿಯ ಬೆಳಕಿನಲ್ಲಿ ನೋಡುತ್ತೇನೆಂದಾಗ ಹುಡುಗನೊಬ್ಬನನ್ನು ಜೊತೆಗೆ ಕಳಿಸಿದರು. ಕೆಂಪು ಕೆಂಪಾಗಿಯೇ ಇತ್ತು. ಬೆಲೆ ತೆರಿಗೆ ಸೇರಿ 14,800 ರೂಪಾಯಿ. ಬಿಲ್ಲಿನ ಮೇಲೆ ‘ಶುದ್ಧ ರೇಷ್ಮೆ, ಕೈಮಗ್ಗ, ಟೆಸ್ಟೆಡ್ ಜರಿ’ ಎಂದು ಬರೆಸಿಕೊಂಡಿದ್ದೇವೆ.

ಹಾಸನದ ಅಮ್ಮನವರ ಮಾತಿನಂತೆ ಆರತಕ್ಷತೆಗೆ ಅಮ್ಮನ ಕಡುಹಸಿರು ಮೈಸೂರು ರೇಷ್ಮೆ ತೆಗೆದೆವು, ಮಡಿಕೆಗಳು ಗಟ್ಟಿಯಾಗಿವೆ. ಅದರ ಪಾಲಿಶ್‌ಗೆ 400 ರೂಪಾಯಿ, ತೋಳಿನಂಚಿಗೆ ಮಾತ್ರ ಕಸೂತಿಯಿರುವ ಹೊಸ ರವಿಕೆಗೆ 3,500, ಧಾರೆಯ ಸಾದಾ ರವಿಕೆಗೆ ಒಳಬಟ್ಟೆ ಸೇರಿ 1,100, ಫಾಲ್ ಮತ್ತು ಜಿಗ್‌ಜಾಗ್‌ಗೆ 200, ಕುಚ್ಚಿನ ದಾರಕ್ಕೆ 150. ಒಟ್ಟು 20,150 ರೂಪಾಯಿ. ಕುಚ್ಚನ್ನು ಅಮ್ಮನೇ ಕಟ್ಟುತ್ತಿದ್ದಾರೆ, ಆದ್ದರಿಂದ ಕೂಲಿಯ ಲೆಕ್ಕವಿಲ್ಲ.

ಆಷಾಢದಲ್ಲಿ ಧಾರೆ ಸೀರೆ ಮನೆಗೆ ತಂದದ್ದು ಅಜ್ಜಿಗೆ ಹಿಡಿಸಲಿಲ್ಲ. ಕೊಂಡದ್ದು ಆಷಾಢದಲ್ಲಾದರೂ ಶ್ರಾವಣದ ಮೊದಲ ಶುಕ್ರವಾರ ಮೂಲೆಗೆ ಅರಿಶಿನ ಕುಂಕುಮ ಹಚ್ಚಿ ದೇವರ ಮುಂದಿಟ್ಟ ಮೇಲೆಯೇ ಅದು ಧಾರೆ ಸೀರೆಯಾಗುತ್ತದೆಂದು ಅಮ್ಮ ಸಮಾಧಾನ ಹೇಳಿದರು. ಅಲ್ಲಿಯವರೆಗೆ ಅಜ್ಜಿ ಅದನ್ನು ನೋಡುವುದಿಲ್ಲವೆಂದಿದ್ದರು. ನಿನ್ನೆ ಮಧ್ಯಾಹ್ನ ನಾನು ಕೋಣೆಗೆ ಹೋದಾಗ ಪೆಟ್ಟಿಗೆ ತೆರೆದಿತ್ತು, ಅಜ್ಜಿ ಅಂಚನ್ನು ತೊಡೆಯ ಮೇಲೆ ಹರಡಿಕೊಂಡು ಕುಳಿತಿದ್ದರು. ‘ನಂದು ಇನ್ನೂ ಒಂಚೂರು ಗಾಢ ಇತ್ತು’ ಎಂದರು.